ಗುಂಗುರುವಿನ ಕ್ಷೌರ

ಬೀದಿಯವರೆಲ್ಲ ಅವಳನ್ನು ಕರೆಯುತ್ತಿದ್ದದ್ದು ಟೈಲರಮ್ಮ ಎಂದೇ. ನಲವತ್ತು ವರ್ಷ ಬಟ್ಟೆ ಕತ್ತರಿಸಿ ಪಳಗಿದ ಕೈ. ಕಣ್ಣಳತೆಯಲ್ಲೇ ತೋಳಿನ ಉದ್ದ ಹೇಳುವವಳು. ಅಂಥವಳು ಮನೆಯ ನಾಯಿಯ ಕೂದಲು ಕತ್ತರಿಸಲು ಹೋಗಿ ಕೈಸೋತಳು.

ನಾಯಿ ಸಾಕಿದ್ದು ಅವಳ ಗಂಡ. ಯಾವ ಜಾತಿ ಎಂದು ಯಾರಾದರೂ ಕೇಳಿದರೆ, "ನಾಲ್ಕೈದು ಜಾತಿ ಸೇರಿಸಿ ಹೊಲಿದದ್ದು, ನಮ್ಮವಳ ಅಂಗಡಿಯ ಚೂರುಬಟ್ಟೆ ಥರ" ಎನ್ನುತ್ತಿದ್ದ. ಮೈಯೆಲ್ಲ ಸುರುಳಿ ಸುರುಳಿ ಕೂದಲು, ಗಡ್ಡ ಮತ್ತು ಬೆನ್ನು ಮಾತ್ರ ತಂತಿ ಬ್ರಷ್ಷಿನಂತೆ ಬಿರುಸು. ಗುಂಗುರು ಎಂದೇ ಹೆಸರಿಟ್ಟ. ಭಾನುವಾರ ಹಿತ್ತಲ ಮೆಟ್ಟಿಲ ಮೇಲೆ ಅದನ್ನು ಕೂರಿಸಿಕೊಂಡು ಗಂಟೆಗಟ್ಟಲೆ ಬಾಚುತ್ತಿದ್ದ. ಆ ಹೊತ್ತಿಗೆ ಟೈಲರಮ್ಮ ಅಂಗಡಿಯಲ್ಲಿರುತ್ತಿದ್ದಳು.

ಅವನು ಹೋಗಿ ಎಂಟು ತಿಂಗಳಾಗಿತ್ತು. ಒಂದು ಮಧ್ಯಾಹ್ನ ಎದೆನೋವು ಬಂತು. ಅಂಚೆ ಕಚೇರಿಯಿಂದ ನಿವೃತ್ತಳಾಗಿ ಮಹಡಿಯ ಕೋಣೆಯಲ್ಲಿದ್ದ ಅವನ ತಂಗಿ ಆಟೋದಲ್ಲಿ ಹಾಕಿಕೊಂಡು ಆಸ್ಪತ್ರೆಗೆ ಓಡಿದಳು. ಅಂಗಡಿ ಇದ್ದದ್ದು ಮೂರೇ ಬೀದಿ ಆಚೆ. ಅತ್ತಿಗೆಗೆ ಸುದ್ದಿ ಕಳಿಸಲಿಲ್ಲ. ಟೈಲರಮ್ಮ ಯಾರಿಂದಲೋ ಕೇಳಿ ಓಡಿ ಬರುವಷ್ಟರಲ್ಲಿ ಮುಖದ ಮೇಲೆ ಬಟ್ಟೆ ಎಳೆದಿದ್ದರು. ಅಂದಿನಿಂದ ಅತ್ತಿಗೆ ನಾದಿನಿಯರ ನಡುವೆ ಮಾತು ನಿಂತಿತು. ಅಡುಗೆಮನೆ ಒಂದೇ, ಆದರೆ ಒಬ್ಬಳು ಹೊರಬಿದ್ದ ಮೇಲೇ ಇನ್ನೊಬ್ಬಳು ಒಳಗೆ ಕಾಲಿಡುತ್ತಿದ್ದಳು.

ಇವರ ಮೌನದಲ್ಲಿ ನಾಯಿಯ ಕೂದಲು ಯಾರಿಗೂ ನೆನಪಾಗಲಿಲ್ಲ. ಕಂಕುಳಲ್ಲಿ, ಕಿವಿಯ ಹಿಂದೆ, ಹೊಟ್ಟೆಯ ಕೆಳಗೆ ಕೂದಲು ಹೆಣೆದುಕೊಂಡು ಮುದ್ದೆಗಟ್ಟಿತು. ಚರ್ಮ ಎಳೆದು ಗುಂಗುರು ಕುಂಟತೊಡಗಿತು. ಅಂಗಡಿಗೆ ರಜೆಯಿದ್ದ ದಿನ ಟೈಲರಮ್ಮ ಅದಕ್ಕೆ ಬಿಸಿನೀರಿನ ಸ್ನಾನ ಮಾಡಿಸಿದಳು. ಒಣಗಿದಾಗ ಗಂಟುಗಳು ಕಂಬಳಿ ತುಂಡಿನಂತೆ ಬಿಗಿದುಕೊಂಡಿದ್ದವು. ಉಣ್ಣೆಯನ್ನು ಬಿಸಿನೀರಿಗೆ ಹಾಕಬೇಡಿ ಎಂದು ಗಿರಾಕಿಗಳಿಗೆಲ್ಲ ಬುದ್ಧಿ ಹೇಳುವವಳಿಗೆ ತನ್ನ ಮನೆಯಲ್ಲಿ ಅದು ಹೊಳೆದಿರಲಿಲ್ಲ. ಸಿಟ್ಟು ಬಂದು ಕತ್ತರಿ ತಂದಳು. ಕಿವಿಯ ಹಿಂದಿನ ಗಂಟನ್ನು ಎತ್ತಿ ಹಿಡಿದು ಕತ್ತರಿಸಿದಳು. ಗಂಟಿನ ಜೊತೆ ಎದ್ದುಬಂದಿದ್ದ ಚರ್ಮಕ್ಕೂ ಕತ್ತರಿ ತಗುಲಿ ನಾಯಿ ಕಿರುಚಿತು. ಅವಳೂ ಕಿರುಚಿದಳು.

ಮಹಡಿಯ ಮೆಟ್ಟಿಲಲ್ಲಿ ದಡದಡ ಸದ್ದಾಯಿತು. "ಅತ್ತಿಗೆ, ಕತ್ತರಿ ಕೆಳಗಿಡಿ!"

ಎಂಟು ತಿಂಗಳಲ್ಲಿ ನಾದಿನಿಯ ಮೊದಲ ಮಾತು ಅದು. ಹತ್ತಿ ಒತ್ತಿ ಹಿಡಿದಳು. ಗಾಯ ಸಣ್ಣದು, ರಕ್ತ ಬೇಗ ನಿಂತಿತು. ಆಮೇಲೆ ನೆಲ ನೋಡಿಕೊಂಡೇ ಹೇಳಿದಳು: "ಅಣ್ಣ ಚರ್ಮಕ್ಕೂ ಕತ್ತರಿಗೂ ಮಧ್ಯೆ ಬಾಚಣಿಗೆ ಇಡ್ತಿದ್ದ. ನಾನು ಕಿಟಕಿಯಿಂದ ನೋಡ್ತಿದ್ದೆ."

"ಹಾಗಾದ್ರೆ ತಲೆ ಹಿಡ್ಕೋ ಬಾ," ಎಂದಳು ಟೈಲರಮ್ಮ.

ದಿನಕ್ಕೆ ಒಂದೇ ಕಾಲು ಎಂದು ಗೊತ್ತು ಮಾಡಿಕೊಂಡರು. ನಾದಿನಿ ನಾಯಿಯನ್ನು ತೊಡೆಯ ಮೇಲೆ ಒರಗಿಸಿಕೊಳ್ಳುವಳು. ಟೈಲರಮ್ಮ ಎಳೆ ಸುಲಭವಾಗಿ ಜಾರಲೆಂದು ಗಂಟಿಗೆ ಹಿಟ್ಟು ಉದುರಿಸಿ, ಬುಡ ಬಿಗಿಯಾಗಿ ಹಿಡಿದು, ತುದಿಯಿಂದ ಬೆರಳಲ್ಲೇ ಎಳೆ ಎಳೆಯಾಗಿ ಬಿಡಿಸುವಳು. ಬಿಡದ ಗಂಟಿಗೆ ಮಾತ್ರ ಕತ್ತರಿ. ಮಾತು ನಾಯಿಯ ಬಗ್ಗೆ ಮಾತ್ರ.

"ಎಳೀಬೇಡಿ, ನೋವಾಗತ್ತೆ."

"ನನಗೆ ಗೊತ್ತು. ನೀನು ಕಾಲು ಸರಿಯಾಗಿ ಹಿಡ್ಕೋ."

ಐದನೆಯ ದಿನ ಹೊಟ್ಟೆಯ ಸರದಿ. ಗುಂಗುರು ನಾಲ್ಕೂ ಕಾಲು ಚೆಲ್ಲಿ ನಿದ್ದೆ ಹೋಗಿತ್ತು. ಟೈಲರಮ್ಮ ತಲೆಯೆತ್ತದೆ ಕೇಳಿದಳು: "ಅವತ್ತು ನನಗ್ಯಾಕೆ ಹೇಳಿ ಕಳಿಸ್ಲಿಲ್ಲ?"

ನಾದಿನಿ ನಾಯಿಯ ಕಿವಿ ಸವರುತ್ತಲೇ ಇದ್ದಳು. "ಕೈಕಾಲು ಆಡ್ಲಿಲ್ಲ ಅತ್ತಿಗೆ. ನಿಮ್ಮನ್ನ ಕರ್ಕೊಂಡು ಹೋಗೋಷ್ಟರಲ್ಲಿ ತಡ ಆದ್ರೆ ಅಂತ ಭಯ."

"ದಾರೀಲಿ ಅವರು ಏನಾದ್ರೂ ಅಂದ್ರಾ?"

"ಅವಳಿಗೆ ಹೇಳಿದ್ಯಾ ಅಂತ ಕೇಳಿದ. ಹೂಂ, ಬರ್ತಿದಾರೆ ಅಂದುಬಿಟ್ಟೆ. ಆ ಸುಳ್ಳು ಹೇಳಿ ನಿಮ್ಮ ಮುಖ ಹೇಗೆ ನೋಡ್ಲಿ?"

ಎಂಟು ತಿಂಗಳಿಂದ ಮನಸ್ಸಿನಲ್ಲಿ ಮಸೆದಿಟ್ಟುಕೊಂಡಿದ್ದ ಮಾತುಗಳಲ್ಲಿ ಒಂದೂ ಟೈಲರಮ್ಮನ ಬಾಯಿಗೆ ಬರಲಿಲ್ಲ. ಬಾಚಣಿಗೆ ಕೆಳಗಿಟ್ಟಳು. ಆಮೇಲೆ ಹೇಳಿದಳು: "ಅಂದ್ರೆ ನಾನು ಬರ್ತಿದೀನಿ ಅಂದ್ಕೊಂಡೇ ಹೋದ್ರು."

"ಹೂಂ."

"ಸದ್ಯ, ಅಷ್ಟಾದ್ರೂ ಹೇಳಿದೆಯಲ್ಲ," ಎಂದು ಸೆರಗಿನಿಂದ ಮೂಗು ಒರೆಸಿಕೊಂಡಳು. ಆಮೇಲೆ ಇಬ್ಬರೂ ಅತ್ತರು. ನಾಯಿ ಎಚ್ಚೆತ್ತು, ಯಾರ ಮುಖ ಮೊದಲು ನೆಕ್ಕಬೇಕೆಂದು ತಿಳಿಯದೆ ಪೇಚಾಡಿತು.

ಕ್ಷೌರವೇನೂ ಚೆನ್ನಾಗಿ ಬರಲಿಲ್ಲ. ಒಂದು ಪಕ್ಕ ಗಿಡ್ಡ, ಒಂದು ಪಕ್ಕ ಉದ್ದ. ಗಡ್ಡ ಮಾತ್ರ ನಾದಿನಿ ಮುಟ್ಟಗೊಡಲಿಲ್ಲ. ಪಕ್ಕದ ಮನೆಯಾಕೆ ಕಾಂಪೌಂಡಿನಾಚೆಯಿಂದ ನೋಡಿ, "ಟೈಲರಮ್ಮ, ಅಳತೆ ಯಾರದ್ದು ತಗೊಂಡ್ರಿ?" ಎಂದು ನಕ್ಕಳು. ಆದರೆ ಗುಂಗುರು ಕುಂಟುವುದು ನಿಂತಿತ್ತು. ಹಿತ್ತಲಲ್ಲಿ ಹುಚ್ಚೆದ್ದು ನಾಲ್ಕು ಸುತ್ತು ಓಡಿತು.

ನಾದಿನಿ ಇವತ್ತಿಗೂ ಮಹಡಿಯಲ್ಲೇ ಇದ್ದಾಳೆ. ಅಡುಗೆ ಮಾತ್ರ ಈಗ ಇಬ್ಬರೂ ಒಟ್ಟಿಗೆ ಮಾಡುತ್ತಾರೆ. ಉಪ್ಪು ಹೆಚ್ಚಾಯಿತು, ಬೆಂಕಿ ಜಾಸ್ತಿಯಾಯಿತು ಎಂದು ಬೀದಿಗೆ ಕೇಳುವಂತೆ ಜಗಳವಾಡುತ್ತಾರೆ.