ದುಭಾಷಿ ಗುರುಸಿದ್ದಪ್ಪನವರ ಗಂಟಲು

ನಾಸಿಕದ ಕೋರ್ಟಿಗೆ ಕನ್ನಡದ ಸಾಕ್ಷಿ ಬಂದರೆ ಅವನ ಮಾತನ್ನು ಮರಾಠಿಗೆ ತಿರುಗಿಸುವವರು ದುಭಾಷಿ ಗುರುಸಿದ್ದಪ್ಪನವರು. ಓಝರಿನ ವಿಮಾನ ಕಾರ್ಖಾನೆಯಿಂದ ನಿವೃತ್ತರಾದರೂ ಅಲ್ಲಿಯ ಅಳತೆಯ ಚಟ ಬಿಟ್ಟಿಲ್ಲ; ಮಾತು ಕೂದಲೆಳೆಯಷ್ಟೂ ಆಚೀಚೆ ಆಗಕೂಡದು. ಸಾಕ್ಷಿ ಅತ್ತರೆ ಇವರ ದನಿಯೂ ನಡುಗುತ್ತದೆ, ಸಾಕ್ಷಿ ಕೆಮ್ಮಿದರೆ ಇವರೂ ಕೆಮ್ಮುತ್ತಾರೆ. ಒಮ್ಮೆ ವಿಜಯಪುರದ ಲಾರಿ ಡ್ರೈವರನೊಬ್ಬ ರೇಗಿ, "ಈ ವಕೀಲಗ ತಲಿ ಐತೇನ್ರಿ?" ಎಂದಾಗ ಇವರೂ ಅಷ್ಟೇ ರೇಗಿ, ವಕೀಲರತ್ತ ಬೆರಳು ಚಾಚಿ, ಮರಾಠಿಯಲ್ಲಿ ಕೇಳಿಯೇಬಿಟ್ಟಿದ್ದರು. "ಪ್ರಮಾಣ ಮಾಡೀನ್ರಿ, ಒಂದಕ್ಷರಾನೂ ಬಿಡಂಗಿಲ್ಲ" ಎಂಬ ಹೆಮ್ಮೆ ಬೇರೆ. ಆ ಪ್ರಮಾಣ ಮಾತ್ರ ಮನೆಗೆ ಬಂದಾಗ ಚಪ್ಪಲಿಯ ಜೊತೆ ಹೊಸ್ತಿಲಾಚೆಯೇ ಉಳಿಯುತ್ತದೆ. ಒಳಗೆ ಧಾರವಾಡದ ಹೆಂಡತಿ ಅನಸೂಯ, ಯೇವಲಾದ ಮರಾಠಿ ಸೊಸೆ ರುಚಿತಾ, ನಡುವೆ ಇವರು. "ಈಕಿ ಮಾಡಿದ ಸಾರು ಎಮ್ಮೀನೂ ಕುಡಿಯಂಗಿಲ್ಲ" ಎಂದು ಹೆಂಡತಿ ಅಂದರೆ, ಅತ್ತೆಗೆ ಇನ್ನೊಂದು ಸೌಟು ಬೇಕಂತೆ ಎಂದು ಸೊಸೆಗೆ ಮರಾಠಿಯಲ್ಲಿ ಹೇಳುತ್ತಾರೆ. ಬೆಳಗಾದರೆ ಈ ಮುದುಕಿಯದು ಬರೀ ಕಿರಿಕಿರಿ ಎಂದು ಸೊಸೆ ಮರಾಠಿಯಲ್ಲಿ ಗೊಣಗಿದರೆ, "ನೀ ದಣದೀಯಂತ, ಸ್ವಲ್ಪ ಕುಂದ್ರು ಅಂತಾಳ" ಎಂದು ಹೆಂಡತಿಗೆ ಒಪ್ಪಿಸುತ್ತಾರೆ. ಮೊನ್ನೆ ಗಂಟಲು ಕಟ್ಟಿ ದನಿಯೇ ಹೊರಡದೆ ಮಲಗಿದಾಗ, ಇನ್ನು ಮನೆ ಕುರುಕ್ಷೇತ್ರವಾಯಿತೆಂದೇ ನಡುಗಿದರು. ಆಗ ಅಡುಗೆಮನೆಯಿಂದ ರುಚಿತಾಳ ಅಚ್ಚ ಧಾರವಾಡದ ಕನ್ನಡ ಕೇಳಿಸಿತು: "ಅತ್ತೀ, ಮಾವನವರ ಗಂಟಲಾ ಆರಾಮಾಗೋ ತನಕಾ ಜಗಳಾ ಬ್ಯಾಡ್ರಿ. ನಿಮ್ಮ ಬೈಗಳಾ ಅವರ ಬಾಯಾಗಿಂದ ಬಂದ್ರನ ಛಂದ." ಅದಕ್ಕೆ ಅನಸೂಯ, "ಖರಂ ಆಹೇ ಬಾಳಾ, ಖರಂ ಆಹೇ" ಎಂದು ಒಪ್ಪಿಕೊಂಡದ್ದು ನಿರರ್ಗಳ ಮರಾಠಿಯಲ್ಲಿ.