ದೇಸೂರ ಗೇಟಿನಲ್ಲಿ ಕೇಳಿದ ಪಿಯಾನೊ

ಯಾರಾದರೂ ವಿಚಿತ್ರ ಅನುಭವ ಹೇಳತೊಡಗಿದರೆ ಚಹಾ ಮಾಡುವ ನೆಪದಲ್ಲಿ ಎದ್ದುಹೋಗುತ್ತಿದ್ದವನು ನಾನು. ಈಗಲೂ ಅಂಥದ್ದನ್ನೆಲ್ಲ ನಂಬುತ್ತೇನೆಂದಲ್ಲ. ಆದರೆ ಕೆಲವು ವರ್ಷಗಳ ಹಿಂದಿನ ಒಂದು ಸಂಜೆಯ ವಿಷಯದಲ್ಲಿ ಮಾತ್ರ ನನ್ನ ಬಳಿ ಉತ್ತರವಿಲ್ಲ.

ನನಗೊಂದು ಹುಚ್ಚಿದೆ. ಬಹಳ ಹಿಂದೆ ಪರದೇಶದ ಸಭಾಂಗಣವೊಂದರಲ್ಲಿ ಧ್ವನಿಮುದ್ರಿಸಿದ ಜಾಝ್ ಪಿಯಾನೊ ಕಛೇರಿ ಅದು. ವಾದಕ ಏನನ್ನೂ ಸಿದ್ಧ ಮಾಡಿಕೊಳ್ಳದೆ ಕೂತು ಆ ಹೊತ್ತಿಗೆ ಹೊಳೆದದ್ದನ್ನೇ ನುಡಿಸಿದ. ಪಿಯಾನೊ ಕೂಡ ಕೆಟ್ಟದಾಗಿತ್ತಂತೆ. ಜಗತ್ತು ಇಂದಿಗೂ ಅದನ್ನು ಕೇಳುತ್ತಿದೆ. ಅವನು ಎಲ್ಲಿ ನರಳುತ್ತಾನೆ, ಎಲ್ಲಿ ಕಾಲು ಕುಟ್ಟುತ್ತಾನೆ ಎಂಬುದೂ ನನಗೆ ಬಾಯಿಪಾಠ. ಆದರೂ ಮುಂದೇನೆಂದು ಅವನಿಗೇ ಗೊತ್ತಿಲ್ಲವೆಂಬಂತೆ ಪ್ರತಿ ಸಲ ಹೊಸದಾಗಿ ಕೇಳಿಸುತ್ತದೆ.

ಅಂದು ಅಕ್ಕನನ್ನು ಬೆಳಗಾವಿಯ ಆಸ್ಪತ್ರೆಯಿಂದ ಖಾನಾಪುರದ ಮನೆಗೆ ಕರೆದೊಯ್ಯುತ್ತಿದ್ದೆ. ಅವರ ಓಣಿಯಲ್ಲಿ ಕನ್ನಡ ಭಜನೆಯಿರಲಿ, ಮರಾಠಿ ಭಜನೆಯಿರಲಿ, ಪೇಟಿ ಅಂದರೆ ಹಾರ್ಮೋನಿಯಂ ನುಡಿಸಲು ಅವಳೇ ಬೇಕು. ಬಿದ್ದು ಬಲಗೈ ಮುರಿದುಕೊಂಡಿದ್ದಳು. ಪ್ಲಾಸ್ಟರ್ ತೆಗೆದ ಮೇಲೂ ನೋವಿಗೆ ಹೆದರಿ ಬೆರಳು ಮಡಚುತ್ತಿರಲಿಲ್ಲ. "ಹಿಂಗ ಬಿಟ್ರ ಬೆರಳು ಕಾಯಂ ಸೆಟದು ಬಿಡತಾವ್ರಿ," ಎಂದು ಡಾಕ್ಟರು ಹೇಳಿ ಕಳಿಸಿದ್ದರು. ದಾರಿಯುದ್ದಕ್ಕೂ ಅವಳು ಬಲಗೈಯನ್ನು ತೊಡೆಯ ಮೇಲಿನ ಚೀಲದ ಮೇಲಿಟ್ಟುಕೊಂಡು ಕಿಟಕಿಯಾಚೆ ನೋಡುತ್ತಿದ್ದಳು. ನಾನು ಕಾರಿನಲ್ಲಿ ಪಿಯಾನೊ ಹಚ್ಚಿದೆ.

ದೇಸೂರಿನ ರೈಲ್ವೆ ಗೇಟು ಬಿದ್ದಿತ್ತು. ಸುಮ್ಮನೆ ಕೂರಲಾಗದೆ ಆ ಕೆಟ್ಟ ಪಿಯಾನೊದ ಕಥೆ ಹೇಳಿದೆ.

"ಅವಂಗ ಪೇಟಿ ಸರಿ ಇರಲಿಲ್ಲ, ನನಗ ಕೈ ಸರಿ ಇಲ್ಲ," ಎಂದು ಅಕ್ಕ ನಕ್ಕಳು.

ಅಷ್ಟರಲ್ಲಿ ವಾದಕನ ಎಡಗೈ ಒಂದೇ ನಾದವನ್ನು ಮತ್ತೆ ಮತ್ತೆ ಸುತ್ತುವ ಜಾಗ ಬಂತು. ಮುಗಿಯಬೇಕಾದಲ್ಲಿ ಅದು ಮುಗಿಯಲಿಲ್ಲ. ಅದರ ಮೇಲೆ ಬೇರೊಂದು ಧಾಟಿ ಎದ್ದಿತು. ನಿಧಾನವಾದದ್ದು, ಹಗುರವಾದದ್ದು, ನಾನೆಂದೂ ಕೇಳಿರದದ್ದು. ಪಕ್ಕಕ್ಕೆ ನೋಡಿದರೆ ಅಕ್ಕನ ಬಲಗೈ ಬೆರಳುಗಳು ತೊಡೆಯ ಮೇಲಿನ ಚೀಲವನ್ನು ಒತ್ತುತ್ತ ಅದನ್ನೇ ಹಿಂಬಾಲಿಸುತ್ತಿದ್ದವು. ರೈಲು ಹೋಯಿತು. ಗೇಟು ಏಳುವ ಹೊತ್ತಿಗೆ ವಾದಕ ನನಗೆ ಗೊತ್ತಿದ್ದ ಜಾಗಕ್ಕೆ ಮರಳಿದ್ದ.

"ಆ ತುಕಡಾ ಇನ್ನೊಮ್ಮೆ ಹಚ್ಚಪಾ," ಎಂದಳು ಅಕ್ಕ.

ಗೇಟು ದಾಟಿ ಕಾರು ನಿಲ್ಲಿಸಿ ಹುಡುಕಿದೆ. ಹಿಂದೆ ಹೋದೆ, ಮುಂದೆ ಹೋದೆ. ಇರಲಿಲ್ಲ.

"ಖರೇನ ಕೇಳಿದ್ವೋ ಇಲ್ಲೋ ನಾವು?"

"ನಾನೂ ಕೇಳೀನಿ ಅಕ್ಕಾ."

"ಹಂಗಾರ ಲಗೂ ನಡಿ. ಮರಿಯೋದ್ರಾಗ ಮನಿ ಮುಟ್ಟಬೇಕು."

ಮನೆಗೆ ಬಂದವಳೇ ಪೇಟಿಯ ಮುಂದೆ ಕೂತಳು. ನೋವಿಗೆ ಕಣ್ಣಲ್ಲಿ ನೀರು ಬರುತ್ತಿತ್ತು, ಆದರೂ ಆ ಧಾಟಿಯನ್ನು ಕೊನೆಯವರೆಗೆ ನುಡಿಸಿಯೇ ಎದ್ದಳು. ಮರುದಿನವೂ ನುಡಿಸಿದಳು. ಬೆರಳುಗಳು ಒಂದೊಂದಾಗಿ ಸಡಿಲಾದವು. ಈಗ ಮೊದಲಿನಂತೆ ಭಜನೆಗೆ ಹೋಗುತ್ತಾಳೆ.

ಆ ಕಛೇರಿಯ ಸಿಕ್ಕ ಪ್ರತಿಗಳನ್ನೆಲ್ಲ ಕೇಳಿದ್ದೇನೆ. ಆ ಭಾಗ ಎಲ್ಲೂ ಇಲ್ಲ. ಅಕ್ಕನೇ ಕಟ್ಟಿದ್ದಿರಬೇಕು ಎನ್ನುತ್ತಾರೆ ಗೆಳೆಯರು. ಹಾಗಿದ್ದರೆ ಅವಳ ಬೆರಳಿಗಿಂತ ಮೊದಲೇ ನನ್ನ ಕಿವಿಗೆ ಬಿದ್ದದ್ದು ಹೇಗೆ?

"ಎಲ್ಲಿಂದ ಬಂದಿರಬೇಕಕ್ಕಾ ಅದು?" ಎಂದು ಮೊನ್ನೆ ಮತ್ತೆ ಕೇಳಿದೆ.

"ಬಂತಲ್ಲ, ಸಾಕಲ್ಲ," ಎನ್ನುತ್ತ ಪೇಟಿಯನ್ನು ಹತ್ತಿರಕ್ಕೆ ಎಳೆದುಕೊಂಡಳು.

ನನಗಂತೂ ಸಾಲದು. ಆದರೆ ಅವಳು ನುಡಿಸತೊಡಗಿದ ಮೇಲೆ ಆ ಪ್ರಶ್ನೆಯೇ ಮರೆತುಹೋಯಿತು.