ಸಂಘಕ್ಕೂ ಒಂದು ಚಿಕ್ಕ ಮನೆ

ಗೆಳೆಯರೇ, ರಾಜಾಜಿನಗರದ ಸೈಟಿನಲ್ಲಿ ನಾನು ಕಟ್ಟಿಸಬೇಕೆಂದಿದ್ದ ನಾಲ್ಕು ಕೋಣೆಯ ಮನೆ ಇವತ್ತು ಬೆಳಿಗ್ಗೆ ಎರಡು ಕೋಣೆಗೆ ಇಳಿಯಿತು. ಇಳಿಸಿದವಳು ನನ್ನ ಹೆಂಡತಿ ಕಮಲ.

ಎಂಟು ಸಾವಿರ ರೂಪಾಯಿ ಸಾಲಕ್ಕೆ ರುಜು ಹಾಕಲು ಇಬ್ಬರೂ ಗೃಹನಿರ್ಮಾಣ ಸಂಘಕ್ಕೆ ಹೋಗಿದ್ದೆವು. "ತಿಂಗಳಿಗೆ ಐವತ್ತೇಳು ರೂಪಾಯಿ, ಇಪ್ಪತ್ತು ವರ್ಷ ಅಷ್ಟೇ. ಕಟ್ಟಿದ್ದೇ ಗೊತ್ತಾಗಲ್ಲ," ಎಂದರು ಕಾರ್ಯದರ್ಶಿಗಳು. ನಾನು ಪೆನ್ನಿನ ಮುಚ್ಚಳ ತೆಗೆದೆ.

"ಕೊನೇಗೆ ಒಟ್ಟು ಎಷ್ಟಾಗತ್ತೆ ಸಾರ್?" ಎಂದು ಕಮಲ ಕೇಳಿದಳು.

ಅವರು ಗುಣಿಸಿದರು. ಕನ್ನಡಕ ಒರೆಸಿಕೊಂಡು ಮತ್ತೆ ಗುಣಿಸಿ, "ಹದಿಮೂರು ಸಾವಿರದ ಆರುನೂರ ಎಂಬತ್ತು," ಎಂದರು.

"ಹಂಗಾದ್ರೆ ನಮಗೊಂದು ದೊಡ್ಡ ಮನೆ, ಬಡ್ಡಿ ದುಡ್ಡಲ್ಲಿ ಸಂಘಕ್ಕೊಂದು ಚಿಕ್ಕ ಮನೆ ಕಟ್ಟಿಸಿಕೊಡ್ತಾ ಇದೀವಿ ಅನ್ನಿ. ರೀ, ಆ ಚಿಕ್ಕ ಮನೇಲಿ ನಾವೇ ಇರೋಣ."

ನನ್ನ ಮುಖ ಸಪ್ಪಗಾಯಿತು. ಆದರೆ ಕಾರ್ಯದರ್ಶಿಗಳು ನಗು ತಡೆಯಲಾರದೆ ಮೇಜಿಗೆ ತಲೆಯಿಟ್ಟದ್ದು ಕಂಡು ನನಗೂ ನಗು ಬಂತು. ಸಾಲವನ್ನು ನಾಲ್ಕು ಸಾವಿರಕ್ಕೆ, ಹತ್ತು ವರ್ಷಕ್ಕೆ ಇಳಿಸಿ ರುಜು ಹಾಕಿದೆ. ತಿಂಗಳಿಗೆ ನಲವತ್ತೈದು, ಬಡ್ಡಿಯೆಲ್ಲ ಸೇರಿ ಐದು ಸಾವಿರದ ನಾನೂರಕ್ಕೆ ಋಣ ಮುಗಿಯುತ್ತದೆ.

ಅಲ್ಲಿಂದ ಜಟಕಾ ಹಿಡಿದು ನೇರ ಸೈಟಿಗೆ ಹೋದೆವು. ಕಮಲ ಚಪ್ಪಲಿಯ ತುದಿಯಿಂದ ಮಣ್ಣಿನಲ್ಲಿ ಅಡುಗೆಮನೆಯ ಗೆರೆ ಎಳೆದು, ಅದರೊಳಗೆ ನಿಂತು, "ಬನ್ನಿ, ಕಾಫಿ ಆಗಿದೆ," ಎಂದಳು. ಬಾಗಿಲು ಎಲ್ಲಿದೆಯೆಂದು ಕೇಳಿಕೊಂಡೇ ನಾನು ಒಳಗೆ ಹೋದೆ.

ಗೃಹಪ್ರವೇಶಕ್ಕೆ ಎಲ್ಲರೂ ಬನ್ನಿ. ಕೂರಲು ಜಾಗ ಸಾಲದಿದ್ದರೆ ಪಕ್ಕದ ಸೈಟು ಸದ್ಯಕ್ಕೆ ಖಾಲಿಯಿದೆ. ಅಲ್ಲಿ ಎಷ್ಟು ಹೊತ್ತು ಕೂತರೂ ಬಡ್ಡಿಯಿಲ್ಲ.